ಮೀನಖಂಡ ಸೊರಗಿದರೆ ಎಣ್ಣೆ ಆಮೇಲೆ, ಮೊದಲು ಕಾರಣ ಹುಡುಕಿ

ಒಂದು ಕಾಲು ಇನ್ನೊಂದಕ್ಕಿಂತ ಸಣ್ಣ ಕಾಣ್ತಿದೆ ಅಂದರೆ ನಮ್ಮ ಬಾಗಲಕೋಟೆ ಕಡೆ ಮೊದಲು ಸಿಗುವ ಸಲಹೆ, ಎಣ್ಣೆ ಬಿಸಿ ಮಾಡಿ ತಿಕ್ಕು. ಎರಡನೇದು, ದಿನಾ ತತ್ತಿ ತಿನ್ನು. ಮೂರನೇದು, ವಯಸ್ಸಾಯ್ತು ಬಿಡು. ನಾನು ಫಿಸಿಯೋಥೆರಪಿ ಮಾಡುವವನು. ನನ್ನ ಹತ್ತಿರ ಬರುವವರಲ್ಲಿ ಬಹಳ ಜನ ಈ ಮೂರನ್ನೂ ಮುಗಿಸಿಕೊಂಡೇ ಬರುತ್ತಾರೆ. ಅಷ್ಟೊತ್ತಿಗೆ ತಿಂಗಳುಗಟ್ಟಲೆ ಕಳೆದಿರುತ್ತೆ. ಆ ಹೋದ ತಿಂಗಳುಗಳನ್ನು ನೆನೆಸಿಕೊಂಡರೆ ನನಗೆ ನಿಜವಾಗಲೂ ಸಂಕಟ ಆಗುತ್ತದೆ, ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ಸ್ನಾಯು ಸೊರಗುವುದು ತಾನೇ ಒಂದು ಕಾಯಿಲೆ ಅಲ್ಲ. ಬೇರೆ ಎಲ್ಲೋ ಏನೋ ಆಗಿದೆ ಅನ್ನುವುದರ ಗುರುತು ಅದು. ಕೆಲಸ ಇಲ್ಲದೆ ಸೊರಗಬಹುದು. ನರದಿಂದ ಅಪ್ಪಣೆ ಬರದೆ ಸೊರಗಬಹುದು. ಸ್ನಾಯುವಿಗೇ ರೋಗ ಬಂದಿರಬಹುದು. ಊಟ ಸಾಲದೆ, ಇಲ್ಲವೇ ಟಿಬಿ, ಕಿಡ್ನಿ, ಥೈರಾಯ್ಡ್ ತೊಂದರೆಯಿಂದ ಮೈಯೆಲ್ಲ ಇಳಿಯುವಾಗ ಕಾಲೂ ಇಳಿದಿರಬಹುದು. ಒಂದೊಂದಕ್ಕೂ ಚಿಕಿತ್ಸೆ ಬೇರೆ. ಒಂದಕ್ಕೆ ವ್ಯಾಯಾಮವೇ ಔಷಧಿ, ಇನ್ನೊಂದಕ್ಕೆ ಅದೇ ವ್ಯಾಯಾಮ ಜಾಸ್ತಿ ಆದರೆ ತೊಂದರೆ.

ಎಲ್ಲಕ್ಕಿಂತ ಸುಲಭದ್ದನ್ನು ಮೊದಲು ಹೇಳ್ತೀನಿ. ಕಬ್ಬಿನ ಸೀಜನ್ನಿನಲ್ಲಿ ಮುಧೋಳ, ಜಮಖಂಡಿ ರಸ್ತೆಗಳಲ್ಲಿ ಬೈಕಿನಿಂದ ಬಿದ್ದು ಕಾಲು ಮುರಿದುಕೊಂಡವರು ಬರುತ್ತಾರಲ್ಲ, ಅವರಿಗೆ ಪ್ಲಾಸ್ಟರ್ ಬಿಚ್ಚುವ ದಿನವೇ ದೊಡ್ಡ ಆಘಾತ. ಗರಗಸ ನಿಂತ ಮೇಲೆ ಒಳಗಿಂದ ಹೊರಬರುವ ಕಾಲು ತಮ್ಮದೇ ಅಂತ ಅನ್ನಿಸುವುದಿಲ್ಲ. ಚರ್ಮ ಒಣಗಿ ಹೊಟ್ಟು ಎದ್ದಿರುತ್ತೆ, ಮೀನಖಂಡ ಸಡಿಲಾಗಿ ಎಲುಬಿನಿಂದ ಜೋತು ಬಿದ್ದಿರುತ್ತೆ, ಪಾದ ಮಡಚಲು ಹೋದರೆ ಮಡಚುವುದಿಲ್ಲ. ಹುಡುಗನ ಅವ್ವ ಅಲ್ಲೇ ಕಣ್ಣೀರು ಹಾಕುತ್ತಾಳೆ. ಹೆದರಬೇಡಿ. ನರ ಸರಿ ಇದ್ದರೆ ಈ ಸೊರಗುವಿಕೆ ಬಹುಮಟ್ಟಿಗೆ ವಾಪಸ್ ಬರುತ್ತದೆ. ಕಾಲಿಗೆ ಕೆಲಸ ನಿಂತ ಮೊದಲ ವಾರದಿಂದಲೇ ಸ್ನಾಯು ಕರಗಲು ಶುರುವಾಗುತ್ತೆ, ಗಾತ್ರಕ್ಕಿಂತ ಬಲ ಇನ್ನೂ ಬೇಗ ಇಳಿಯುತ್ತೆ, ಆದರೆ ಮತ್ತೆ ಕೆಲಸ ಕೊಟ್ಟರೆ ತಿರುಗಿ ತುಂಬಿಕೊಳ್ಳುತ್ತೆ. ಹರೆಯದವರಿಗೆ ಬೇಗ, ಅರವತ್ತು ದಾಟಿದವರಿಗೆ ನಿಧಾನ.

ಕೆಲಸ ಕೊಡುವುದು ಅಂದರೆ ಸುಮ್ನೆ ಓಡಾಡುವುದಲ್ಲ. ಮೀನಖಂಡದಲ್ಲಿ ಮುಖ್ಯವಾಗಿ ಎರಡು ಸ್ನಾಯು. ಹೊರಗೆ ಉಬ್ಬಿ ಕಾಣುವುದು ಗ್ಯಾಸ್ಟ್ರಾಕ್ನೀಮಿಯಸ್, ಅದರ ಅಡಿಯಲ್ಲಿ ಚಪ್ಪಟೆಯಾಗಿ ಸೋಲಿಯಸ್. ಎರಡೂ ಸೇರಿ ಹಿಮ್ಮಡಿಯ ದಪ್ಪ ನಾರಿಗೆ ಅಂಟಿವೆ. ಮೊಣಕಾಲು ನೆಟ್ಟಗಿಟ್ಟು ಹಿಮ್ಮಡಿ ಎತ್ತಿದರೆ ಎರಡೂ ದುಡಿಯುತ್ತವೆ, ಮೊಣಕಾಲು ಮಡಚಿದಾಗ ಭಾರವೆಲ್ಲ ಸೋಲಿಯಸ್ ಮೇಲೆ. ಅದಕ್ಕೇ ಪ್ಲಾಸ್ಟರ್ ಬಿಚ್ಚಿದವರಿಗೆ, ಎಲುಬು ಕೂಡಿದೆ ಅಂತ ಡಾಕ್ಟರು ಹೇಳಿದ ಮೇಲೆ, ನಾನು ಮೊದಲು ಕುರ್ಚಿಯ ಮೇಲೆ ಕೂರಿಸುತ್ತೇನೆ. ಪಾದ ನೆಲಕ್ಕೆ ಊರಿ ಹಿಮ್ಮಡಿ ಮೇಲೆತ್ತುವುದು, ನಿಧಾನ ಇಳಿಸುವುದು. ಸಲೀಸಾಯ್ತು ಅಂದರೆ ತೊಡೆಯ ಮೇಲೆ ಐದು ಕೆಜಿ ಜೋಳದ ಚೀಲ. ಆಮೇಲೆ ಗೋಡೆ ಹಿಡಿದು ಎರಡೂ ಕಾಲಲ್ಲಿ ನಿಂತು. ಕೊನೆಗೆ ಒಂದೇ ಕಾಲಲ್ಲಿ. ಎಂಟರಿಂದ ಹನ್ನೆರಡು ಸಲ, ಮಧ್ಯೆ ವಿಶ್ರಾಂತಿ ಕೊಟ್ಟು ಮೂರು ಸುತ್ತು, ವಾರಕ್ಕೆ ಮೂರು ದಿನ ಸಾಕು. ಕೊನೆಯ ಎರಡು ಮೂರು ಸಲ ಎತ್ತುವುದು ಕಷ್ಟ ಅನ್ನಿಸಬೇಕು. ಕಷ್ಟವೇ ಆಗುತ್ತಿಲ್ಲ ಅಂದರೆ ಭಾರ ಸಾಲದು ಅಂತ. ಪ್ಲಾಸ್ಟರ್ ಇದ್ದಾಗಲೂ ಬೆರಳು ಆಡಿಸುವುದು, ಒಳಗೇ ಸ್ನಾಯು ಬಿಗಿ ಹಿಡಿದು ಬಿಡುವುದು, ಡಾಕ್ಟರು ಒಪ್ಪಿದರೆ ಕಾಲನ್ನು ನೆಟ್ಟಗೆ ಮೇಲೆತ್ತುವುದು, ಇಷ್ಟನ್ನು ಬಿಡಬಾರದು.

ಇಲ್ಲೊಂದು ಎಚ್ಚರಿಕೆ. ಪ್ಲಾಸ್ಟರ್ ಇದ್ದಾಗಲೋ ಬಿಚ್ಚಿದ ಮೇಲೋ, ಬಹಳ ದಿನ ಹಾಸಿಗೆ ಹಿಡಿದವರಲ್ಲೋ, ಒಂದು ಮೀನಖಂಡ ಊದಿ, ಬಿಸಿಯಾಗಿ, ಒತ್ತಿದರೆ ನೋಯುತ್ತಿದ್ದರೆ ಅದನ್ನು ತಿಕ್ಕಲೇಬೇಡಿ. ರಕ್ತನಾಳದಲ್ಲಿ ರಕ್ತ ಹೆಪ್ಪುಗಟ್ಟಿರಬಹುದು. ಆ ಗಡ್ಡೆ ಕಿತ್ತು ಶ್ವಾಸಕೋಶಕ್ಕೆ ಹೋದರೆ ಜೀವಕ್ಕೇ ಅಪಾಯ. ಅವತ್ತೇ ಆಸ್ಪತ್ರೆಗೆ ಹೋಗಿ.

ಈಗ ನನ್ನ ಮನಸ್ಸಿಗೆ ಹತ್ತಿರದ ವಿಷಯ. ನಮ್ಮ ಕಾಕಾ ಗುಳೇದಗುಡ್ಡದಲ್ಲಿ ಖಣ ನೇಯುತ್ತಾರೆ. ಕುಣಿಮಗ್ಗದ ಕುಣಿಯೊಳಗೆ ಕಾಲು ಇಳಿಬಿಟ್ಟು, ದಿನವಿಡೀ ಮುಂದಕ್ಕೆ ಬಾಗಿ ಕೂರುವ ಕೆಲಸ. ಸೊಂಟ ನೋವು ಇದ್ದದ್ದೇ. ಒಂದು ಸಲ ಕುಂಡಿಯಿಂದ ಹಿಮ್ಮಡಿವರೆಗೆ ಎಡಗಾಲು ಜಗ್ಗಲು ಶುರುವಾಯ್ತು. ಮೆಡಿಕಲ್ ಅಂಗಡಿ ಗುಳಿಗೆ ನುಂಗುತ್ತ ದಿನ ದೂಡಿದರು. ಕೆಲವು ವಾರ ಆದಮೇಲೆ ನೋವು ತಾನಾಗಿ ಇಳಿಯಿತು, ಮನೆಯವರೆಲ್ಲ ನಿರಾಳ ಆದರು. ಪಂಚಮಿಗೆ ನಾನು ಹೋದಾಗ ಕಾಕು ಹೇಳಿದರು, "ನೋಡಪಾ, ನಿಮ್ಮ ಕಾಕಾಂದು ಎಡಗಾಲು ಸೊರಗೇತಿ. ಧೋತರ ಎತ್ತಿ ಕಟ್ಟಿದಾಗ ಕಾಣತೈತಿ." ಕಾಕಾ ಸುಮ್ಮನಿರಲಿಲ್ಲ. "ಏನಿಲ್ಲೋ ತಮ್ಮಾ, ನೋವು ಹೋಗೇತಿ. ಇನ್ನೇನು ಬೇಕು?"

ನೋವು ಹೋಗಿ ಬಲವೂ ಹೋಗುತ್ತಿದ್ದರೆ ಅದು ಒಳ್ಳೆಯ ಸುದ್ದಿ ಅಲ್ಲ. ಇದನ್ನು ನಮ್ಮ ಜನಕ್ಕೆ ಎಷ್ಟು ಸಲ ಹೇಳಿದರೂ ಕಡಿಮೆಯೇ. ನರ ಸಿಟ್ಟಿಗೆದ್ದಾಗ ನೋಯುತ್ತದೆ, ಸೋತಾಗ ಸುಮ್ಮನಾಗುತ್ತದೆ.

"ಗ್ವಾಡಿಗೆ ಕೈ ಹಚ್ಚ್ರಿ ಕಾಕಾ, ಒಂದ ಕಾಲ ಮ್ಯಾಲೆ ನಿಂತು ಹಿಮ್ಮಡಿ ಎತ್ತ್ರಿ" ಅಂದೆ. ಬಲಗಾಲಲ್ಲಿ ಟಕಟಕ ಎತ್ತಿದರು. ಎಡಗಾಲಿಗೆ ಬಂದಾಗ ಮೈ ಮುಂದಕ್ಕೆ ವಾಲಿತು, ಮೊಣಕಾಲು ಮಡಚಿತು, ಗೋಡೆ ಮೇಲಿನ ಬೆರಳುಗಳು ಬಿಗಿದವು, ಹಿಮ್ಮಡಿ ಮಾತ್ರ ನೆಲ ಬಿಡಲಿಲ್ಲ. ಕಾಕಾನ ಮುಖ ಆಗ ಬದಲಾಯ್ತು. ಅಲ್ಲಿವರೆಗೆ ತಮಗೆ ಬಲ ಇಲ್ಲ ಅನ್ನುವುದೇ ಅವರಿಗೆ ಗೊತ್ತಿರಲಿಲ್ಲ, ಯಾಕಂದ್ರೆ ನಡೆಯುವಾಗ ಇನ್ನೊಂದು ಕಾಲು ಎಲ್ಲವನ್ನೂ ಮುಚ್ಚಿಹಾಕುತ್ತೆ. ಗಟ್ಟಿಮುಟ್ಟಾದ ವಯಸ್ಕರು ಒಂದೇ ಕಾಲಲ್ಲಿ ಸುಮಾರು 25 ಸಲ ಹಿಮ್ಮಡಿ ಎತ್ತಬಲ್ಲರು ಅನ್ನುವುದು ನಾವು ಹಿಡಿಯುವ ಅಳತೆ, ವಯಸ್ಸಾದಂತೆ ಅದು ಇಳಿಯುತ್ತೆ. ಆದರೆ ಒಂದು ಕಾಲು ಆರಾಮಾಗಿ ಎತ್ತಿ ಇನ್ನೊಂದು ಒಂದು ಸಲವೂ ಎತ್ತಲಿಲ್ಲ ಅಂದರೆ ಅದಕ್ಕೆ ವಯಸ್ಸು ಕಾರಣ ಅಲ್ಲ. ವಯಸ್ಸು ಎರಡೂ ಕಾಲಿಗೆ ಒಂದೇ ಅಲ್ವಾ?

ಆಮೇಲೆ ಟೇಪು ತರಿಸಿದೆ, ದರ್ಜಿಯವರು ಬಳಸುವುದೇ. ಮೊಣಕಾಲ ಚಿಪ್ಪಿನ ಕೆಳಗೆ ಮುಂದೆ ಒಂದು ಎಲುಬಿನ ಗುಬಟು ಕೈಗೆ ಸಿಗುತ್ತೆ. ಅಲ್ಲಿಂದ 10 ಸೆಂಟಿಮೀಟರ್ ಕೆಳಗೆ ಪೆನ್ನಿನಿಂದ ಗುರುತು ಹಾಕಿ, ಎರಡೂ ಕಾಲಿಗೆ ಅದೇ ಜಾಗದಲ್ಲಿ ಸುತ್ತಳತೆ ತೆಗೆಯಬೇಕು. ಒಂದು ಸೆಂಟಿಮೀಟರ್ ಹೆಚ್ಚುಕಡಿಮೆ ಎಲ್ಲರಿಗೂ ಇರುತ್ತೆ. ಎರಡರ ಮೇಲೆ ಹೋದರೆ ಕಾರಣ ಹುಡುಕಲೇಬೇಕು. ಕಾಕಾನ ಅಳತೆ ಎರಡು ದಾಟಿತ್ತು. ಕಿರುಬೆರಳಿನ ಕಡೆ ಪಾದದ ಅಂಚಿನ ಮೇಲೆ ಹತ್ತಿ ಸವರಿದರೆ ಗೊತ್ತಾಗುತ್ತಿರಲಿಲ್ಲ. ಇದೆಲ್ಲ ಸೇರಿದರೆ ಬೆನ್ನೆಲುಬಿನ ತಳದಿಂದ ಹೊರಡುವ ಎಸ್1 ಅನ್ನುವ ನರದ ಕಡೆಗೇ ಬೆರಳು ಹೋಗುತ್ತೆ. ಎಂಆರ್‌ಐಯಲ್ಲಿ ಅದೇ ಕಂಡಿತು, ಬೆನ್ನೆಲುಬುಗಳ ನಡುವಿನ ಮೆತ್ತೆ, ಅಂದರೆ ಡಿಸ್ಕ್, ಸರಿದು ಆ ನರದ ಬುಡವನ್ನು ಒತ್ತುತ್ತಿತ್ತು.

ಡಿಸ್ಕ್ ಅಂದ ತಕ್ಷಣ ಆಪರೇಷನ್ ಅಂತ ಯಾರೂ ಹೆದರಬೇಕಿಲ್ಲ. ಬರೀ ನೋವಿದ್ದು ಬಲ ಇದ್ದರೆ, ಹೆಚ್ಚಿನವರಿಗೆ ಗುಳಿಗೆ, ವ್ಯಾಯಾಮ, ಕೆಲಸದ ರೀತಿ ಬದಲಿಸುವುದು, ಇಷ್ಟರಲ್ಲೇ ಆರರಿಂದ ಹನ್ನೆರಡು ವಾರದೊಳಗೆ ಬಹಳ ಕಡಿಮೆ ಆಗುತ್ತೆ. ಬಲ ಇಳಿಯುತ್ತಲೇ ಹೋದರೆ ಮಾತು ಬೇರೆ. ಕಾಕಾನಿಗೆ ಆಪರೇಷನ್ ಆಯ್ತು. ಈಗ ಎಡ ಹಿಮ್ಮಡಿ ಎತ್ತುತ್ತಾರೆ, ಬಲಗಾಲಿನಷ್ಟು ಸಲ ಅಲ್ಲ. ಮೀನಖಂಡ ಪೂರ್ತಿ ತುಂಬಿಲ್ಲ, ಬಹುಶಃ ತುಂಬುವುದೂ ಇಲ್ಲ. ಅದಕ್ಕೆ ಕಾರಣ ಇದೆ. ಪೆಟ್ಟಾದ ನರ ಮತ್ತೆ ಬೆಳೆಯುವುದು ದಿನಕ್ಕೆ ಸುಮಾರು ಒಂದು ಮಿಲಿಮೀಟರ್. ಸೊಂಟದಿಂದ ಮೀನಖಂಡಕ್ಕೆ ಅರ್ಧ ಮೀಟರಿಗಿಂತ ಜಾಸ್ತಿ ದೂರ. ಲೆಕ್ಕ ಹಾಕಿ ನೋಡಿ, ಒಂದೂವರೆ ವರ್ಷ ಮುಟ್ಟುತ್ತೆ. ಅಷ್ಟು ಕಾಲ ನರ ಇಲ್ಲದೆ ಉಳಿದ ಸ್ನಾಯು ಕೊಬ್ಬಾಗಿ, ನಾರಾಗಿ ಬದಲಾಗುತ್ತಾ ಹೋಗುತ್ತೆ, ನರ ಬಂದು ಬಾಗಿಲು ತಟ್ಟಿದರೂ ಒಳಗೆ ಯಾರೂ ಇರುವುದಿಲ್ಲ. ನಾನು ಬೇಗ ಬನ್ನಿ, ಬೇಗ ಬನ್ನಿ ಅಂತ ಬಡಕೊಳ್ಳುವುದು ಇದಕ್ಕೇ. ಕಾಕಾನ ನರ ಪೂರ್ತಿ ಸತ್ತಿರಲಿಲ್ಲ, ಅದೇ ಪುಣ್ಯ.

ಸೊಂಟ ನೋವಿನ ಜೊತೆ ಎರಡೂ ಕಾಲು ಸೋತರೆ, ಮೂತ್ರ ಕಟ್ಟಿದರೆ ಅಥವಾ ಗೊತ್ತಿಲ್ಲದೆ ಹೋದರೆ, ಕೂರುವ ಜಾಗ ಜೋಮು ಹಿಡಿದರೆ, ಬೆಳಗಾಗಲಿ ಅಂತ ಕಾಯಬೇಡಿ, ಆಗಲೇ ಆಸ್ಪತ್ರೆಗೆ ಹೋಗಿ. ಕೆಲವೇ ದಿನಗಳಲ್ಲಿ ಎರಡೂ ಕಾಲು ಪಾದದಿಂದ ಶುರುವಾಗಿ ಮೇಲಕ್ಕೆ ಸೋಲುತ್ತ ಬಂದರೂ ಅಷ್ಟೇ.

ಸಕ್ಕರೆ ಕಾಯಿಲೆಯವರ ಕಥೆ ಬೇರೆ. ಅವರಿಗೆ ಎರಡೂ ಕಡೆ ಒಂದೇ ಥರ, ಬೆರಳ ತುದಿಯಿಂದ ಶುರು. ಮೊದಲು ಉರಿ, ಜೋಮು. ಆಮೇಲೆ ಚಪ್ಪಲಿ ಕಾಲಿಂದ ಜಾರಿದರೂ ಗೊತ್ತಾಗುವುದಿಲ್ಲ. ಪಾದದೊಳಗಿನ ಸಣ್ಣ ಸ್ನಾಯುಗಳು ಸೊರಗಿ ಬೆರಳು ಮಡಚಿಕೊಳ್ಳುತ್ತವೆ, ಕಣಕಾಲು ಬಡಕಲಾಗುತ್ತೆ. ಇಲ್ಲಿ ಮೊದಲ ಚಿಕಿತ್ಸೆ ಸಕ್ಕರೆಯನ್ನು ಹಿಡಿತಕ್ಕೆ ತರುವುದು, ಮೂರು ತಿಂಗಳ ಸರಾಸರಿ ತೋರಿಸುವ ಎಚ್‌ಬಿಎ1ಸಿ ಪರೀಕ್ಷೆ ಮಾಡಿಸುತ್ತ ಇರುವುದು, ದಿನಾ ರಾತ್ರಿ ಪಾದದ ಅಡಿ ನೋಡಿಕೊಳ್ಳುವುದು. ಬಿ12 ಕೂಡ ನೋಡಿಸಿ. ಶಾಖಾಹಾರಿ ಮನೆಗಳಲ್ಲಿ ಅದು ಕಡಿಮೆ ಇರುವುದು ಸಾಮಾನ್ಯ, ಮೆಟ್‌ಫಾರ್ಮಿನ್ ಗುಳಿಗೆ ವರ್ಷಗಟ್ಟಲೆ ತಗೊಂಡರೂ ಇಳಿಯುತ್ತೆ. ಬಿ12 ಕೊರತೆಯಿಂದಲೂ ನರ ಕೆಡುತ್ತದೆ, ಬೇಗ ಗೊತ್ತಾದರೆ ಅಗ್ಗದ ಚಿಕಿತ್ಸೆ.

ತಂಬಾಕಿನವರನ್ನೂ ಮರೆಯಬಾರದು. ಬೆಳಗಾವಿ ಜಿಲ್ಲೆಯ ನಿಪ್ಪಾಣಿ ಕಡೆ ತಂಬಾಕೇ ಬದುಕು, ಬೀಡಿ ನಮ್ಮೂರುಗಳಲ್ಲೂ ಕಡಿಮೆ ಇಲ್ಲ. ಸ್ವಲ್ಪ ದೂರ ನಡೆದರೆ ಮೀನಖಂಡ ಹಿಡಿದುಕೊಂಡು, ನಿಂತರೆ ಎರಡು ನಿಮಿಷಕ್ಕೆ ಬಿಡುತ್ತದೆ ಅಂದರೆ ಅದು ರಕ್ತ ಸಾಲದ ಕಾಲು. ತಣ್ಣಗಿರುತ್ತೆ, ಕೂದಲು ಉದುರಿರುತ್ತೆ, ನಿಧಾನ ಸೊರಗುತ್ತೆ. ಬೀಡಿ ಬಿಡದೆ ಯಾವ ಚಿಕಿತ್ಸೆಯೂ ಹತ್ತುವುದಿಲ್ಲ.

ಹೊಲದ ಕೆಲಸದಿಂದ ಬರುವ ಇನ್ನೊಂದು. ಉಳ್ಳಾಗಡ್ಡಿ ಕೀಳುವಾಗ, ಕಳೆ ತೆಗೆಯುವಾಗ ಹೆಣ್ಣುಮಕ್ಕಳು ಗಂಟೆಗಟ್ಟಲೆ ಕುಕ್ಕರಗಾಲಲ್ಲಿ ಕೂರುತ್ತಾರೆ. ಮೊಣಕಾಲಿನ ಹೊರಬದಿಯಲ್ಲಿ ಒಂದು ನರ ಎಲುಬಿನ ಮೇಲೇ, ಚರ್ಮದ ಕೆಳಗೇ ಹಾಯ್ದು ಹೋಗುತ್ತೆ. ಅದು ಒತ್ತಿಕೊಂಡರೆ ಎದ್ದಾಗ ಪಾದ ಮೇಲೇಳುವುದಿಲ್ಲ, ನಡೆದರೆ ಪಟ್ ಪಟ್ ಅಂತ ನೆಲಕ್ಕೆ ಬಡಿಯುತ್ತೆ. ಸೊರಗುವುದು ಮೀನಖಂಡ ಅಲ್ಲ, ಕಣಕಾಲಿನ ಮುಂಭಾಗ. ಹೆಚ್ಚಿನವರಿಗೆ ವಾರ, ತಿಂಗಳುಗಳಲ್ಲಿ ವಾಪಸ್ ಬರುತ್ತೆ. ಅಲ್ಲಿವರೆಗೆ ಪಾದ ಎತ್ತಿ ಹಿಡಿಯುವ ಪ್ಲಾಸ್ಟಿಕ್ ಪಟ್ಟಿ ಹಾಕಬೇಕು, ಕುಕ್ಕರಗಾಲು ಬಿಡಬೇಕು. ಚಿಕ್ಕ ಮಕ್ಕಳಿಗೆ ಕುಂಡಿಗೆ ತಪ್ಪು ಜಾಗದಲ್ಲಿ ಸೂಜಿ ಚುಚ್ಚಿದಾಗಲೂ ಪಾದ ಹೀಗೇ ಜೋತು ಬೀಳುತ್ತೆ. ಮಕ್ಕಳಿಗೆ ತೊಡೆಯ ಹೊರಬದಿಗೆ ಚುಚ್ಚುವುದು ಸುರಕ್ಷಿತ, ಕೇಳುವುದಕ್ಕೆ ಸಂಕೋಚ ಬೇಡ.

ಪಾದ ಜೋತುಬಿದ್ದವರ ಮೈಮೇಲೆ ಎಲ್ಲಾದರೂ ಮುಟ್ಟಿದರೆ ಗೊತ್ತಾಗದ ಬಿಳಿಚಿದ ಮಚ್ಚೆ ಇದೆಯಾ ಅಂತ ನಾನು ಹುಡುಕಿಯೇ ಹುಡುಕುತ್ತೇನೆ. ಕುಷ್ಠರೋಗ ಹೋಗಿಬಿಟ್ಟಿದೆ ಅಂತ ಎಲ್ಲರೂ ಅಂದುಕೊಂಡಿದ್ದಾರೆ, ಹೋಗಿಲ್ಲ. ಔಷಧಿ ಸರ್ಕಾರಿ ಆಸ್ಪತ್ರೆಯಲ್ಲಿ ಪುಕ್ಕಟೆ, ಆರು ತಿಂಗಳು ಇಲ್ಲವೇ ಒಂದು ವರ್ಷ. ನರಕ್ಕೆ ಪೆಟ್ಟು ಬಿದ್ದು ಆರು ತಿಂಗಳೊಳಗೆ ಬಂದರೆ ಸ್ಟೀರಾಯ್ಡ್ ಕೊಟ್ಟು ಬಲ ಉಳಿಸುವ ಅವಕಾಶ ಇದೆ. ಮುಚ್ಚಿಟ್ಟರೆ ಅದು ಹೋಗುತ್ತೆ.

ಪೋಲಿಯೊ ಕಾಲುಗಳು ನಮ್ಮ ಊರುಗಳಲ್ಲಿ ಇನ್ನೂ ಇವೆ. ದೇಶದಲ್ಲಿ ಸಹಜ (ಲಸಿಕೆಯಿಂದ ಬಂದದ್ದಲ್ಲದ) ಪೋಲಿಯೊ ವೈರಸ್ಸಿನ ಕೊನೆಯ ಪ್ರಕರಣ 2011ರ ಜನವರಿ 13ರಂದು, ಪಶ್ಚಿಮ ಬಂಗಾಳದಲ್ಲಿ. 2014ರ ಮಾರ್ಚ್ 27ಕ್ಕೆ ಭಾರತ ಪೋಲಿಯೊ ಮುಕ್ತ ಅಂತ ಪ್ರಮಾಣಪತ್ರ ಸಿಕ್ಕಿತು. ಆದರೆ ಬಾಲ್ಯದಲ್ಲಿ ಪೋಲಿಯೊ ಆಗಿ ದಶಕಗಳ ಕಾಲ ಅದೇ ಕಾಲಲ್ಲಿ ದುಡಿದವರಿಗೆ ನಲವತ್ತು, ಐವತ್ತರಲ್ಲಿ ಮತ್ತೆ ಹೊಸದಾಗಿ ಬಲ ಇಳಿಯಬಹುದು, ಸುಸ್ತು ಬರಬಹುದು. ಇವರಿಗೆ ಮೈಮುರಿಯುವ ವ್ಯಾಯಾಮ ಕೂಡದು. ಅಳತೆಯ ವ್ಯಾಯಾಮ, ವಿಶ್ರಾಂತಿ, ಕಾಲಿಗೆ ಆಸರೆ ಕೊಡುವ, ಸರಿಯಾಗಿ ಹೊಂದುವ ಕ್ಯಾಲಿಪರ್.

ಮಕ್ಕಳ ವಿಷಯದಲ್ಲಿ ತಲೆಕೆಳಗು. ಮೂರು, ನಾಲ್ಕು ವರ್ಷದ ಗಂಡುಮಗು, ಮೀನಖಂಡ ದಪ್ಪ ದಪ್ಪ. ನಮ್ಮದು ಗರಡಿಯ ಸೀಮೆ, ಅಜ್ಜಿ ಖುಷಿಯಿಂದ "ನನ್ನ ಮೊಮ್ಮಗ ಪೈಲ್ವಾನ ಆಗ್ತಾನ" ಅಂತಾಳೆ. ಆದರೆ ಮಗು ಮೆಟ್ಟಿಲು ಹತ್ತಲು ತಿಣುಕುತ್ತೆ, ಪದೇ ಪದೇ ಬೀಳುತ್ತೆ, ನೆಲದಿಂದ ಏಳುವಾಗ ತನ್ನ ತೊಡೆಯ ಮೇಲೇ ಕೈ ಊರಿ ಊರಿ ಮೇಲೇಳುತ್ತೆ. ಇದು ಡುಶೆನ್ ಅನ್ನುವ ಸ್ನಾಯು ಕಾಯಿಲೆ ಇರಬಹುದು. ಆ ದಪ್ಪದಲ್ಲಿ ಬಲ ಇಲ್ಲ, ಕೊಬ್ಬು, ನಾರು ತುಂಬಿರುತ್ತೆ. ಸಿಪಿಕೆ ಅನ್ನುವ ರಕ್ತ ಪರೀಕ್ಷೆ ಬಹಳ ಮೇಲೆ ಹೋಗಿರುತ್ತೆ, ಆಮೇಲೆ ಜೀನ್ ಪರೀಕ್ಷೆ. ಪೂರ್ತಿ ವಾಸಿ ಮಾಡುವ ಮದ್ದಿಲ್ಲ. ಆದರೆ ಡಾಕ್ಟರು ಅಳೆದು ಕೊಡುವ ಸ್ಟೀರಾಯ್ಡಿನಿಂದ ನಡೆಯುವ ವರ್ಷಗಳು ಹೆಚ್ಚುತ್ತವೆ, ಹಿಮ್ಮಡಿಯ ನಾರು ಬಿಗಿಯದಂತೆ ದಿನಾ ಎಳೆಯಬೇಕು, ಹೃದಯ ಮತ್ತು ಉಸಿರಾಟ ನೋಡಿಸುತ್ತಿರಬೇಕು. ಕಾಯಿಲೆ ತಾಯಿ ಕಡೆಯಿಂದ ಬಂತು ಅಂತ ಸೊಸೆಯನ್ನು ಬೈಯುವ ಮನೆಗಳನ್ನು ನೋಡಿದ್ದೇನೆ, ದಯವಿಟ್ಟು ಬೇಡ. ತಾಯಿ ಅದನ್ನು ಆರಿಸಿಕೊಂಡು ತಂದಿಲ್ಲ.

ಹದಿನೆಂಟು, ಇಪ್ಪತ್ತರ ಹುಡುಗ ಹುಡುಗಿಯರಲ್ಲಿ ಮೊದಲು ಮೀನಖಂಡವನ್ನೇ ಹಿಡಿಯುವ ಮಿಯೋಶಿ ಅನ್ನುವ ಕಾಯಿಲೆ ಇದೆ. ನಿನ್ನೆಯವರೆಗೆ ಆಡುತ್ತಿದ್ದವರು ತುದಿಗಾಲಲ್ಲಿ ನಿಲ್ಲಲು ಆಗುತ್ತಿಲ್ಲ ಅಂತಾರೆ, ಸಿಪಿಕೆ ಸಾವಿರಗಳಲ್ಲಿ ಬರುತ್ತೆ. ತಂದೆ ತಾಯಿ ಇಬ್ಬರಿಂದಲೂ ದೋಷದ ಜೀನ್ ಬಂದರೆ ಮಾತ್ರ ಬರುವ ಕಾಯಿಲೆ ಇದು, ಹಾಗಾಗಿ ಸೋದರಮಾವ, ಅತ್ತೆ ಮಕ್ಕಳ ಮದುವೆ ಇರುವ ಮನೆಗಳಲ್ಲಿ ಸಾಧ್ಯತೆ ಜಾಸ್ತಿ. ಹರೆಯದ ಗಂಡಸರಲ್ಲಿ ನೋವಿಲ್ಲದೆ ಒಂದೇ ಕೈಯೋ ಕಾಲೋ ಸೊರಗಿ, ಕೆಲವು ವರ್ಷ ನಡೆದು, ತಾನಾಗಿ ನಿಂತುಬಿಡುವ ಕಾಯಿಲೆಯೂ ಇದೆ. ಬೆಂಗಳೂರಿನ ನಿಮ್ಹಾನ್ಸ್‌ನ ಡಾ. ಎಂ. ಗೌರಿದೇವಿ ಮತ್ತವರ ಜೊತೆಗಾರರು 1984ರಲ್ಲಿ ಇದನ್ನು ವಿವರಿಸಿ ಪ್ರಕಟಿಸಿದರು. ಇದಕ್ಕೂ, ಸ್ನಾಯುವಿಗೆ ಅಪ್ಪಣೆ ಕೊಡುವ ನರಕೋಶಗಳೇ ಸಾಯುತ್ತ ಬಿಡದೆ ಮುಂದುವರಿಯುವ ಮೋಟಾರ್ ನ್ಯೂರಾನ್ ಕಾಯಿಲೆಗೂ ಶುರುವಿನಲ್ಲಿ ಹೋಲಿಕೆ ಇರುತ್ತೆ. ಆ ಎರಡನೆಯದರಲ್ಲಿ ತೊಡೆ, ಮೀನಖಂಡದ ಚರ್ಮದ ಕೆಳಗೆ ಹುಳ ಹರಿದಾಡಿದ ಹಾಗೆ ಸ್ನಾಯು ಅದುರುತ್ತಲೇ ಇರುವುದು ಕಾಣುತ್ತೆ, ಬಲವೂ ಇಳಿಯುತ್ತ ಹೋಗುತ್ತೆ. ಬಲ ಸರಿಯಿದ್ದು ಬರೀ ಅದುರಿದರೆ ಹೆದರುವುದು ಬೇಡ, ದಣಿವಿಗೂ ಚಹಾ ಜಾಸ್ತಿ ಆದರೂ ಅದುರುತ್ತೆ. ಇವನ್ನೆಲ್ಲ ಬೇರ್ಪಡಿಸುವುದು ನರರೋಗ ತಜ್ಞರ ಕೆಲಸ. ನರ ಮತ್ತು ಸ್ನಾಯುವಿಗೆ ಸಣ್ಣ ಕರೆಂಟು, ಸೂಜಿ ಹಚ್ಚಿ ನೋಡುವ ಪರೀಕ್ಷೆ ಅವರೇ ಬರೆಯುತ್ತಾರೆ.

ವಯಸ್ಸಾದವರ ಕಾಲಿನ ಬಗ್ಗೆ ಹೇಳದಿದ್ದರೆ ಅನ್ಯಾಯ. ಮೊಣಕಾಲು ನೋವು ಅಂತ ಕೂತರು, ಕೂತಿದ್ದಕ್ಕೆ ಸೊರಗಿತು, ಸೊರಗಿದ್ದಕ್ಕೆ ಏಳಲು ಆಗಲಿಲ್ಲ. ಏಷ್ಯಾದವರಿಗೆ ತಜ್ಞರು 2019ರಲ್ಲಿ ಹಾಕಿದ ಗೆರೆ ಹೀಗಿದೆ: ಮೀನಖಂಡದ ಅತಿ ದಪ್ಪ ಜಾಗದ ಸುತ್ತಳತೆ ಗಂಡಸರಲ್ಲಿ 34, ಹೆಂಗಸರಲ್ಲಿ 33 ಸೆಂಟಿಮೀಟರಿಗಿಂತ ಕಡಿಮೆ ಇದ್ದರೆ ಸ್ನಾಯು ನಷ್ಟ ಇದೆಯಾ ಅಂತ ಮುಂದೆ ಪರೀಕ್ಷಿಸಬೇಕು. ಇವರಿಗೆ ಕುರ್ಚಿಯಿಂದ ಕೈ ಊರದೆ ಎದ್ದು ಕೂರುವುದು, ಕಟ್ಟೆ ಹಿಡಿದು ಹಿಮ್ಮಡಿ ಎತ್ತುವುದು, ಜೊತೆಗೆ ಊಟ. ವಯಸ್ಸಾದವರಿಗೆ ದಿನಕ್ಕೆ ಮೈತೂಕದ ಕೆಜಿಗೆ ಒಂದರಿಂದ 1.2 ಗ್ರಾಂ ಪ್ರೋಟೀನ್ ಬೇಕು. ಕಿಡ್ನಿ ತೊಂದರೆ ಇದ್ದವರು ಡಾಕ್ಟರನ್ನು ಕೇಳಬೇಕು. ನಮ್ಮ ಅಜ್ಜಂದಿರು ರಾತ್ರಿ ಒಂದು ರೊಟ್ಟಿ, ಖಾರ, ಮಜ್ಜಿಗೆಯಲ್ಲಿ ಮುಗಿಸುತ್ತಾರೆ, ಅದರಲ್ಲಿ ಆ ಲೆಕ್ಕ ಸೇರುವುದಿಲ್ಲ. ರೊಟ್ಟಿ ಜೊತೆ ಹೆಸರುಕಾಳು ಅಥವಾ ಮಡಕಿಕಾಳಿನ ಪಲ್ಯ, ಒಂದು ಬಟ್ಟಲು ಝುಣಕ, ಗಟ್ಟಿ ಮೊಸರು, ಶೇಂಗಾ ಚಟ್ನಿ ಇರಲಿ. ತಿನ್ನುವವರಿಗೆ ತತ್ತಿ, ಒಂದಕ್ಕೆ ಸುಮಾರು ಆರು ಗ್ರಾಂ. ತತ್ತಿ ತಿನ್ನುವ ಸಲಹೆ ಸುಳ್ಳಲ್ಲ, ಆದರೆ ವ್ಯಾಯಾಮ ಇಲ್ಲದೆ ಅದು ಮೀನಖಂಡಕ್ಕೆ ಹೋಗಿ ಸೇರುವುದಿಲ್ಲ.

ಎಣ್ಣೆ ತಿಕ್ಕುವುದರಿಂದ ಹಿತ ಅನಿಸುತ್ತೆ, ಬಿಗಿತ ಇಳಿಯುತ್ತೆ, ಸ್ನಾಯು ಬೆಳೆಯುವುದಿಲ್ಲ. ಸ್ನಾಯುವಿಗೆ ಸಣ್ಣ ಕರೆಂಟು ಕೊಡಿಸುವುದರ ಬಗ್ಗೆ ಬಹಳ ಜನ ಕೇಳುತ್ತಾರೆ. ನರ ಸರಿಯಿದ್ದು, ಆಪರೇಷನ್ನಿನ ಮೇಲೆ ಸ್ನಾಯು ಮಲಗಿದ್ದರೆ ವ್ಯಾಯಾಮದ ಜೊತೆಗೆ ಅದು ಸಹಾಯ ಮಾಡುತ್ತೆ. ನರವೇ ಹೋದ ಸ್ನಾಯುವಿಗೆ ಅದರಿಂದ ದೊಡ್ಡ ಲಾಭ ಆಗುತ್ತದೆ ಅಂತ ನಾನು ಹೇಳಲಾರೆ. ಮೊಣಕಾಲಿಗೆ ಅಂತ ಕೊಡುವ ಹೆಸರಿಲ್ಲದ ಪುಡಿಗಳಿಂದ ದೂರ ಇರಿ. ಅಂಥವುಗಳಲ್ಲಿ ಸ್ಟೀರಾಯ್ಡ್ ಬೆರೆಸಿರುವುದುಂಟು. ನೋವು ಮಾಯ ಆಗುತ್ತೆ, ಮುಖ ಊದುತ್ತೆ, ತೊಡೆ ಸೊರಗಿ ಕೂತಲ್ಲಿಂದ ಏಳಲಾಗದ ಹಾಗೆ ಮಾಡುತ್ತೆ. ಅದನ್ನು ಒಮ್ಮೆಲೇ ನಿಲ್ಲಿಸುವುದೂ ಅಪಾಯ, ಡಾಕ್ಟರ ಮುಂದೆ ಹೇಳಿಯೇ ಬಿಡಬೇಕು.

ಎಲ್ಲಿಗೆ ಹೋಗಬೇಕು ಅಂದರೆ ಮೊದಲು ಹತ್ತಿರದ ಎಂಬಿಬಿಎಸ್ ಡಾಕ್ಟರು ಅಥವಾ ಜಿಲ್ಲಾ ಆಸ್ಪತ್ರೆ. ಬಾಗಲಕೋಟೆ, ವಿಜಯಪುರ, ಬೆಳಗಾವಿ ಮೂರೂ ಕಡೆ ಮೆಡಿಕಲ್ ಕಾಲೇಜು ಆಸ್ಪತ್ರೆಗಳಿವೆ. ಅಲ್ಲಿ ಬಗೆಹರಿಯದ್ದಕ್ಕೆ ಬೆಂಗಳೂರಿನ ನಿಮ್ಹಾನ್ಸ್. ಹೋಗುವಾಗ ಹಳೆಯ ಚೀಟಿಗಳು, ನುಂಗುತ್ತಿರುವ ಗುಳಿಗೆ, ಪುಡಿ ಎಲ್ಲ ಒಂದು ಚೀಲದಲ್ಲಿ ಕಟ್ಟಿಕೊಳ್ಳಿ. ಯಾವ ತಿಂಗಳಿಂದ ಏನು ಕಷ್ಟ ಆಯ್ತು, ಟೇಪಿನ ಅಳತೆ ಎಷ್ಟು, ತಾರೀಖು ಹಾಕಿ ಬರೆದುಕೊಳ್ಳಿ. ವಾಸಿಯಾಗದೆ ಉಳಿದವರಿಗೂ ದಾರಿ ಇದೆ. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯಲ್ಲಿ ಸ್ನಾಯು ಕ್ಷಯ (ಡುಶೆನ್, ಮಿಯೋಶಿಯಂಥ ಸ್ನಾಯು ಕಾಯಿಲೆಗಳು), ಕುಷ್ಠದಿಂದ ಗುಣವಾದವರು ಸೇರಿ 21 ಬಗೆಯ ಅಂಗವೈಕಲ್ಯಗಳಿವೆ. ಅಂಗವಿಕಲರಿಗೆ ಸರ್ಕಾರ ಕೊಡುವ ಗುರುತಿನ ಚೀಟಿಯಾದ ಯುಡಿಐಡಿ ಕಾರ್ಡಿಗೆ ಆನ್‌ಲೈನ್ ಅರ್ಜಿ ಹಾಕಬಹುದು, ತಪಾಸಣೆ ಸರ್ಕಾರಿ ಆಸ್ಪತ್ರೆಯಲ್ಲಿ ಆಗುತ್ತೆ. ಆಧಾರ್, ಫೋಟೊ, ಆಸ್ಪತ್ರೆ ಕಾಗದ ತಗೊಂಡು ಹೋಗಿ.